ಬುರ್ಹಾನುದ್ದೀನ್ ಬರೆಯದ ಕನಸುಗಳು

ನಮ್ಮ ಕಾಲೇಜಿನ ಮನಃಶಾಸ್ತ್ರ ವಿಭಾಗದಲ್ಲಿ ಬುರ್ಹಾನುದ್ದೀನ್ ಮೂವತ್ತು ವರ್ಷ ಲ್ಯಾಬ್ ಸಹಾಯಕನಾಗಿದ್ದ. ಪಕ್ಕದ ಮೇಜಿನ ಗುಮಾಸ್ತ ನಾನು. ಅವನ ಅಕ್ಷರಗಳು ಮುತ್ತಿನಂಥವು, ಮಾತಿನಲ್ಲಿ ಮಾತ್ರ ಮಹಾ ಜುಗ್ಗ. ಒಂದು ಮಾತು ಹೊರಡಿಸಬೇಕಾದರೆ ಎರಡು ಕಪ್ ಚಹಾ ಕುಡಿಸಬೇಕಿತ್ತು. ಆದರೂ ಅವನ ಮುಂದೆ ಜನ ಮನಸ್ಸು ಬಿಚ್ಚುತ್ತಿದ್ದರು. ಇಷ್ಟು ಮಾತಾಡುವ ನನ್ನ ಮುಂದೆ ಯಾರೂ ಬಿಚ್ಚಲಿಲ್ಲ.

ಹನ್ನೆರಡು ವರ್ಷದ ಹಿಂದೆ ಪ್ರೊಫೆಸರ್ ಅಂಬಿಕಾ ಅವನನ್ನು ತಮ್ಮ ಊರು ಕಮಲಾಪುರಕ್ಕೆ ಕಳಿಸಿದರು. ಸತ್ತವರು ಮನೆಯವರ ಕನಸಿನಲ್ಲಿ ಹೇಗೆ ಬರುತ್ತಾರೆ ಎಂಬುದು ಅವರ ಸಂಶೋಧನೆ. ತಮ್ಮ ಮನೆಯವರನ್ನು ತಾವೇ ಕೇಳಬಾರದೆಂಬ ನಿಯಮವಂತೆ. ಹೀಗಾಗಿ, ಬಾವಿಯಲ್ಲಿ ಮಗ ವಿವೇಕಾನಂದನನ್ನು ಕಳೆದುಕೊಂಡಿದ್ದ ಅವರ ತಾಯಿ ಲಲಿತಾಬಾಯಿಯ ಹತ್ತಿರವೂ ಇವನೇ ಹೋದ. ಕೆಂಪು ಬಾಳೆಯ ತೋಟಗಳಲ್ಲಿ, ಮನೆಗಳ ಕಟ್ಟೆಗಳ ಮೇಲೆ ಕೂತು ಇನ್ನೂರು ಕನಸು ಬರೆದು ತಂದ. ಅದರಿಂದ ಒಂದು ಇಂಗ್ಲಿಷ್ ಪುಸ್ತಕವಾಯಿತು. ಈ ವರ್ಷ ಅದಕ್ಕೆ ಸ್ವಪ್ನಶೋಧ ಪ್ರಶಸ್ತಿ ಬಂತು; ಕನಸಿನ ಅಧ್ಯಯನಕ್ಕೆಂದೇ ಕೊಡುವ ದೊಡ್ಡ ಪ್ರಶಸ್ತಿ.

ಬುರ್ಹಾನುದ್ದೀನ್ ಕೂಡ ವೇದಿಕೆಗೆ ಬರಬೇಕೆಂದು ಅಂಬಿಕಾ ನನ್ನನ್ನು ಜೊತೆಗೆ ಕರೆದುಕೊಂಡು ಶಹಾಬಜಾರದ ಅವನ ಮನೆಗೆ ಹೋದರು. ಪ್ರಶಸ್ತಿ ಪತ್ರದಲ್ಲಿದ್ದುದನ್ನು ಕನ್ನಡದಲ್ಲಿ ಹೇಳಿದರು. ಕಮಲಾಪುರದವರ ಕನಸಿನಲ್ಲಿ ಸತ್ತವರು ನಗುತ್ತಲೇ ಬರುತ್ತಾರೆ, ಅಲ್ಲಿಯವರ ದುಃಖವನ್ನು ಕನಸೇ ಇಳಿಸುತ್ತದೆ ಎಂದು ಈ ಪುಸ್ತಕ ತೋರಿಸಿಕೊಟ್ಟಿದೆಯಂತೆ. ಇಂಗ್ಲಿಷ್ ಪುಸ್ತಕ ಓದಲಾರದ ಬುರ್ಹಾನುದ್ದೀನ್ ಇದನ್ನು ಕೇಳಿದ್ದು ಅಂದೇ ಮೊದಲು. ಅವನ ಮುಖ ಕಪ್ಪಿಟ್ಟಿತು.

"ಮೇಡಂ, ಕೆಟ್ಟ ಕನಸು ನಾ ಬರಕೊಂಡಿಲ್ರೀ," ಎಂದ.

ಕೆಟ್ಟ ಕನಸನ್ನು ಹೊರಗೆ ಹಾಕಬಾರದು ಎಂದು ಅವನಿಗೆ ಮನೆಯಲ್ಲಿ ಚಿಕ್ಕಂದಿನಿಂದ ಕಲಿಸಿದ್ದರು. ಕಮಲಾಪುರದಲ್ಲೂ ಜನ ಅಳುತ್ತ ಹೇಳಿಕೊಂಡು, ಇದನ್ನು ಬರೆಯಬೇಡಿ ಎನ್ನುತ್ತಿದ್ದರು. ಇವನು ಪೆನ್ನು ಕೆಳಗಿಟ್ಟು ಪೂರ್ತಿ ಕೇಳುತ್ತಿದ್ದ. ಆಮೇಲೆ ಅವರಿಂದಲೇ ಒಂದು ಒಳ್ಳೆಯ ಕನಸು ಕೇಳಿ ಅದನ್ನು ಬರೆದುಕೊಳ್ಳುತ್ತಿದ್ದ. ಬರೆದದ್ದರಲ್ಲಿ ಒಂದೂ ಸುಳ್ಳಿರಲಿಲ್ಲ. ನನಗೆ ಮೈಯೆಲ್ಲ ಉರಿಯಿತು. ಇಷ್ಟು ವರ್ಷ ಪಕ್ಕದಲ್ಲೇ ಕೂತಿದ್ದ ಪುಣ್ಯಾತ್ಮ ನನಗಾದರೂ ಒಂದು ಮಾತು ಹೇಳಬಾರದಿತ್ತೇ?

ಅಂಬಿಕಾ ಪ್ರಶಸ್ತಿ ಪತ್ರವನ್ನು ಮಡಿಚಿಟ್ಟರು. ಆಮೇಲೆ, "ನಮ್ಮವ್ವಂದು?" ಎಂದರು.

"ಅವ್ವಾರೂ ಬರೀಬ್ಯಾಡ ಅಂದ್ರು. ನನ್ನ ಮಗಳು ಓದ್ತಾಳ ಅಂದ್ರು."

ಪ್ರಶಸ್ತಿ ಬೇಡವೆಂದು ಅಂಬಿಕಾ ಮರುದಿನವೇ ಪತ್ರ ಬರೆದರು, ಕಾರಣವನ್ನೂ ಬರೆದರು. ಅಷ್ಟು ವರ್ಷದ ದುಡಿಮೆ ಮಣ್ಣುಪಾಲಾದರೂ ಬುರ್ಹಾನುದ್ದೀನನಿಗೆ ಒಂದು ಬಿರುಸು ಮಾತೂ ಆಡಲಿಲ್ಲ. ಅವನ ಸಂಕಟ ನೋಡಲಾಗದೆ ನನ್ನ ಸಿಟ್ಟೂ ಇಳಿಯಿತು.

ಆ ಭಾನುವಾರ ಮೂವರೂ ಬಸ್ಸಿನಲ್ಲಿ ಕಮಲಾಪುರಕ್ಕೆ ಹೋದೆವು. ಲಲಿತಾಬಾಯಿ ಪಡಸಾಲೆಯಲ್ಲಿ ತೊಗರಿಬೇಳೆ ಆರಿಸುತ್ತಿದ್ದರು. ಬರೆಯಬೇಡವೆಂದ ಮಾತನ್ನು ಮಗಳ ಮುಂದೆ ಹೊರಗೆ ಹಾಕಿದೆನೆಂದು ಬುರ್ಹಾನುದ್ದೀನ್ ಬಾಗಿಲಲ್ಲೇ ನಿಂತು ಅವರ ಕ್ಷಮೆ ಕೇಳಿದ. ಅವರು ಅವನನ್ನು ಒಳಗೆ ಕರೆದು ಕೂರಿಸಿದರು. ಅಂಬಿಕಾ ತಾಯಿಯ ಪಕ್ಕದಲ್ಲಿ ಕೂತರು.

"ವಿವೇಕ ಕನಸಿನ್ಯಾಗ ಹೆಂಗ ಬರ್ತಾನವ್ವಾ?"

"ಬಾವ್ಯಾಗ ನಿಂತು ಕೂಗ್ತಾನ. ನಾ ಬಿಟ್ಟ ಹಗ್ಗ ಅವನ ತನಕ ಮುಟ್ಟಂಗಿಲ್ಲ."

ಅಂಬಿಕಾ ಅಳುತ್ತಲೇ, ಇಷ್ಟು ವರ್ಷ ಯಾಕೆ ಹೇಳಲಿಲ್ಲ ಎಂದು ಕೇಳಿದರು.

"ಕಾಗದದಾಗ ನೀ ಓದೂದು ಬ್ಯಾಡಾಗಿತ್ತವಾ," ಎಂದರು ಲಲಿತಾಬಾಯಿ. "ನೀನೇ ಬಂದು ಕೇಳಿದ್ರ ಹೇಳ್ತಿದ್ದೆ."