ಚಾಲಕರೊಂದಿಗೆ ಮಾತನಾಡಬೇಡಿ

ನಮ್ಮ ಡಿಪೋದಲ್ಲಿ ಅವನಿಗೆ ರೇಡಿಯೊ ಎಂದೇ ಹೆಸರು. ಸ್ಟೇರಿಂಗ್ ಹಿಡಿದನೆಂದರೆ ಬಾಯಿಗೆ ಬೀಗವಿಲ್ಲ. ಅವನ ಬಸ್ಸಿನ ಕಂಡಕ್ಟರ್ ನಾನು. ಟಿಕೆಟ್ ಹರಿಯುವುದಕ್ಕಿಂತ ಅವನ ಮಾತಿಗೆ ಹೂಂಗುಟ್ಟುವುದೇ ದೊಡ್ಡ ಕೆಲಸವಾಗಿತ್ತು. ಈಗ ಆ ರೇಡಿಯೊ ಕೆಟ್ಟಿದೆ. ನೆನೆದರೆ ನನಗೆ ಸಿಟ್ಟು ಬರುತ್ತದೆ, ಆದರೆ ಯಾರ ಮೇಲೆ ಎಂಬುದೇ ತಿಳಿಯುವುದಿಲ್ಲ.

ಅವನೂ ಹೆಂಡತಿಯೂ ಬೇರೆಯಾದರು. ಎರಡನೇ ಕ್ಲಾಸಿನ ಮಗಳು ತಾಯಿಯ ಹತ್ತಿರ ಉಳಿದಳು. ತಪ್ಪು ಇವನದೂ ಇತ್ತು: ತನ್ನ ಹತ್ತಿರ ಬಂದಿದ್ದ ಮಗುವನ್ನು ಒಂದು ಭಾನುವಾರ ಸಂಜೆ ತಾಯಿಯ ಮನೆಗೆ ಬಿಟ್ಟುಬರಬೇಕಿತ್ತು, ಮರುದಿನ ಬಿಟ್ಟುಬಂದ, ಫೋನೂ ಎತ್ತಲಿಲ್ಲ. ಅವತ್ತು ತಾಯಿ ಪಟ್ಟ ಪಾಡು ನೆನೆದರೆ ನಾನೂ ಅವನ ಪರ ವಾದಿಸಲಾರೆ. ಕುಟುಂಬ ನ್ಯಾಯಾಲಯ ಆದೇಶ ಮಾಡಿತು: ತಿಂಗಳಿಗೊಂದು ಶನಿವಾರ, ಕೋರ್ಟಿನ ಮಕ್ಕಳ ಕೋಣೆಯಲ್ಲಿ ಎರಡು ಗಂಟೆ ಭೇಟಿ. ಹೊರಗೆಲ್ಲಾದರೂ ಮಾತಾಡಿಸಿದರೆ ಅದೂ ರದ್ದು.

ಅಷ್ಟರಲ್ಲಿ ನಮಗೆ ಹೊಸ ರೂಟು ಬಿತ್ತು. ಮೊದಲ ದಿನವೇ ಒಂದು ಸ್ಟಾಪಿನಲ್ಲಿ ಅವನ ಮಗಳು, ಅವಳನ್ನು ಶಾಲೆಗೆ ಬಿಡಲು ಹೊರಟ ಸೋದರಮಾವ. ಇವನನ್ನು ಕಂಡದ್ದೇ ಮಾವ ಫೋನು ತೆಗೆದು ವಿಡಿಯೊ ಮಾಡತೊಡಗಿದ. ಮಗಳು ಮುಂಬಾಗಿಲಲ್ಲಿ ಹತ್ತಿ, "ಅಪ್ಪಾ" ಎಂದಳು.

ಅವನು ತಿರುಗಲಿಲ್ಲ. ತಲೆಯ ಮೇಲಿದ್ದ ಬೋರ್ಡಿನ ಕಡೆ ಬೆರಳು ತೋರಿಸಿದ: ಚಾಲಕರೊಂದಿಗೆ ಮಾತನಾಡಬೇಡಿ. ಹುಡುಗಿ ಅಕ್ಷರ ಕೂಡಿಸಿ ಓದಿದಳು. ಹೋಗಿ ಮಾವನ ಪಕ್ಕ ಕೂತಳು. ಆಮೇಲೆ ದಿನವೂ ಹಾಗೆಯೇ.

ರೂಟು ಬದಲಿಸಿಕೊಡಿ ಎಂದು ಅಂಗಲಾಚಿದ್ದಕ್ಕೆ ಡಿಪೋ ಮ್ಯಾನೇಜರು, "ಅಲ್ಲಯ್ಯಾ, ಒಬ್ಬೊಬ್ಬರ ಸಂಸಾರ ನೋಡ್ಕೊಂಡು ರೂಟ್ ಹಾಕಕ್ಕಾಗುತ್ತಾ?" ಎಂದರು.

"ನಿನ್ನ ಪಾಡಿಗೆ ಬಸ್ ಓಡಿಸು. ಬಾಯಿ ಬಿಟ್ಟೆಯೋ, ಕೆಟ್ಟೆ," ಎಂದರು ವಕೀಲರು.

ಸ್ಟಾಪಿನಲ್ಲಿ ನಿಲ್ಲಿಸದಿದ್ದರೆ ಮೆಮೊ, ನಿಲ್ಲಿಸಿದರೆ ಈ ಸಂಕಟ. ಅಡಕತ್ತರಿಯಲ್ಲಿ ಸಿಕ್ಕಿಕೊಂಡ. ಕನ್ನಡಿಯಲ್ಲಿ ಮಗಳನ್ನು ನೋಡುತ್ತಿದ್ದ. ಅವಳು ನೋಡಿದರೆ ರಸ್ತೆ ನೋಡುತ್ತಿದ್ದ. ಟ್ರಿಪ್ ಮುಗಿದ ಮೇಲೆ ನನ್ನ ಹತ್ತಿರ, "ಶನಿವಾರ ಬರ್ಲಿ ತಡಿ, ಎಲ್ಲಾ ಸೇರಿಸಿ ಮಾತಾಡ್ತೀನಿ," ಎನ್ನುತ್ತಿದ್ದ.

ಆ ಶನಿವಾರ ನಾನೂ ಜೊತೆಗೆ ಹೋದೆ. ಕೋಣೆಯ ಗೋಡೆ ತುಂಬ ಬಣ್ಣದ ಮೀನುಗಳು, ಮೂಲೆಯಲ್ಲಿ ಚಕ್ರ ಕಿತ್ತುಹೋದ ಆಟದ ಕಾರು. ಭೇಟಿ ಹೇಗಾಯಿತೆಂದು ಬರೆದುಕೊಳ್ಳಲು ಒಬ್ಬ ಮೇಲ್ವಿಚಾರಕಿ. ಮಗಳು ಬಂದು ಕೈಕಟ್ಟಿ ಕೂತಳು.

"ಪುಟ್ಟಿ, ಇಲ್ಲಿ ಮಾತಾಡ್ಬಹುದು ಕಣೇ."

ಅವಳು ತಿರುಗಿ ನೋಡಲಿಲ್ಲ. ಬಾಗಿಲ ಮೇಲಿನ ಬೋರ್ಡಿನ ಕಡೆ ಬೆರಳು ತೋರಿಸಿದಳು: ನಿಶ್ಶಬ್ದವಾಗಿರಿ.

ಅವನು ಕಥೆ ಹೇಳಿದ, ಮುಖ ಸೊಟ್ಟ ಮಾಡಿದ, ಕೊನೆಗೆ ಗೋಗರೆದ. ಹುಡುಗಿ ತುಟಿ ಬಿಚ್ಚಲಿಲ್ಲ. ವೇಳೆ ಮುಗಿಯಿತು. ಮಗು ತಂದೆಯೊಂದಿಗೆ ಮಾತನಾಡಲು ಇಷ್ಟಪಡಲಿಲ್ಲ ಎಂದು ಮೇಲ್ವಿಚಾರಕಿ ಬರೆದುಕೊಂಡರು.

ನನಗೆ ತಡೆಯಲಾಗಲಿಲ್ಲ. "ಹಾಗಲ್ಲ ಮೇಡಂ, ಬಸ್ಸಲ್ಲಿ..." ಎಂದು ಬಾಯಿ ತೆರೆದೆ. ರೇಡಿಯೊ ನನ್ನ ತೋಳು ಹಿಡಿದು ಹೊರಗೆ ಎಳೆದುಕೊಂಡು ಬಂದ.

"ಬಸ್ಸಿನ ವಿಷಯ ಎತ್ಬೇಡ ಕಣೋ," ಎಂದ. "ಕನ್ನಡೀಲಾದ್ರೂ ನೋಡ್ತಿದೀನಿ."