ಮಾತಾಡದ ಸಿನಿಮಾ ತೋರಿಸಿದ ಕಾಕಾ

ಎದುರು ಫ್ಲ್ಯಾಟಿನ ಕಾಕಾರ ಹುಬ್ಬುಗಳು ದಪ್ಪ, ಬೆಳ್ಳಗೆ. ನಗು ತಡೆಯುವಾಗ ಒಂದು ಮೇಲೇರುತ್ತಿತ್ತು, ಇನ್ನೊಂದು ಅಲ್ಲೇ ಕೂತಿರುತ್ತಿತ್ತು. ಗದಗದ ಕಡೆಯವರು, ದುಬೈಯ ಎ.ಸಿ. ಕಂಪನಿಯೊಂದರಲ್ಲಿ ಸೂಪರ್‌ವೈಸರ್. ಸಿಲಿಕಾನ್ ಓಯಸಿಸ್‌ನ ನಮ್ಮ ಕಟ್ಟಡದ ಮಕ್ಕಳಿಗೆಲ್ಲ ಶನಿವಾರ ಮಧ್ಯಾಹ್ನ ಅವರ ಮನೆಯ ಹಾಲೇ ಟಾಕೀಸು. ಪರದೆ ಎಳೆದು ಟಿವಿಯಲ್ಲಿ ಹಳೆಯ ಮೂಕಿ ಹಾಸ್ಯಚಿತ್ರ ಹಾಕುತ್ತಿದ್ದರು. ಗಂಡ, ಹೆಂಡತಿ, ಅತ್ತೆ, ಒಂದು ಏಣಿ ಇದ್ದರೆ ಸಾಕು, ಹತ್ತೇ ನಿಮಿಷದಲ್ಲಿ ಸಂಸಾರ ಚಿಂದಿ.

"ನಿಂದರ್ರಿ, ಈಗ ಬೀಳ್ತಾನ!" ಎನ್ನುವರು. ಅವನು ಬಿದ್ದೊಡನೆ ಮಕ್ಕಳು, "ಅಗೇನ್, ಅಂಕಲ್!"

ಪಾರ್ಶ್ವವಾಯು ಬಡಿದು ಮಾತು ಹೋದ ಅಮ್ಮನನ್ನು ಆ ವರ್ಷ ಉಡುಪಿಯಿಂದ ಕರೆತಂದಿದ್ದೆ. ಅವಳಿಗೆ ಎಲ್ಲ ಕೇಳಿಸುತ್ತಿತ್ತು, ಅರ್ಥವೂ ಆಗುತ್ತಿತ್ತು. ಆದರೂ ನಾವು ಕಿರುಚಿ ಮಾತಾಡಿಸುತ್ತಿದ್ದೆವು. ಅವಳು ಗೋಡೆಯತ್ತ ತಿರುಗುತ್ತಿದ್ದಳು. ಯಾರಾದರೂ ಬಂದರೆ ಕೋಣೆಯ ಬಾಗಿಲು ಹಾಕಿಕೊಳ್ಳುತ್ತಿದ್ದಳು.

"ಅಮ್ಮ ಎಲ್ಲಿಗೂ ಬರುದಿಲ್ಲ ಕಾಕಾ," ಎಂದೆ.

"ಕರಕೊಂಡು ಬಾರವಾ. ನಮ್ಮ ಸಿನಿಮಾದಾಗ ಯಾರೂ ಮಾತಾಡಂಗಿಲ್ಲ."

ಮುಂದಿನ ಶನಿವಾರ ಅಮ್ಮನನ್ನು ಹೇಗೋ ಒಪ್ಪಿಸಿ ಕರೆದೊಯ್ದೆ. ಅಂದಿನ ಚಿತ್ರದಲ್ಲಿ ಗಂಡ ಗೋಡೆಗೆ ಕಾಗದ ಅಂಟಿಸಲು ಹೋಗಿ ಅಂಟಿನ ಬಕೆಟ್ಟಿನೊಳಗೇ ಬಿದ್ದ. ನನ್ನ ಪಕ್ಕದಲ್ಲಿ ಒಂದು ವಿಚಿತ್ರ ಸದ್ದು ಕೇಳಿಸಿತು. ಅಮ್ಮ ನಗುತ್ತಿದ್ದಳು. ಚಿತ್ರ ಮುಗಿದ ಮೇಲೆ ಎಡಗೈಯಿಂದ ಮೇಲ್ತುಟಿಯ ಮೇಲೆ ಮೀಸೆ ಬರೆದಳು. ಗಾಳಿಯಲ್ಲಿ ಏಣಿ ಹತ್ತಿದಳು, ಜಾರಿದಳು, ತಲೆಯಿಂದ ಏನನ್ನೋ ಬಳಿದು ತೆಗೆದಳು.

"ಎಂತ ಅಮ್ಮ? ತಲೆನೋವಾ? ಮನೆಗೆ ಹೋಗುವನಾ?" ನಾನು ಗಾಬರಿಯಿಂದ ಕೂಗಿದೆ.

"ಸುಮ್ನಿರವಾ ತಂಗಿ. ಅವ್ರು ಹೇಳಾಕತ್ತಾರ, ನೋಡು," ಎಂದು ಕಾಕಾ ಅಮ್ಮನ ಎದುರು ನೆಲದ ಮೇಲೆ ಕೂತರು. "ನಿಮ್ಮ ಯಜಮಾನ್ರೂ ಹಿಂಗ ಬಿದ್ರೇನ್ರೀ? ಹಿಟ್ಟಿನ್ಯಾಗ?"

ಅಮ್ಮ ಹೌದೆಂದು ತಲೆಯಾಡಿಸಿ, ರುಬ್ಬುವ ಹಾಗೆ ಕೈ ತಿರುಗಿಸಿದಳು. ದೋಸೆಹಿಟ್ಟು! ಮತ್ತೊಮ್ಮೆ ರುಬ್ಬಿದವಳು ತಾನೇ ಎಂದು ತನ್ನ ಎದೆಗೆ ಬೆರಳಿಟ್ಟು ತೋರಿಸಿ ಹಣೆ ಚಚ್ಚಿಕೊಂಡಳು. ಅಪ್ಪ ತೀರಿಕೊಂಡು ಎಷ್ಟೋ ವರ್ಷಗಳಾಗಿದ್ದವು. ಅವರು ಏಣಿಯಿಂದ ಜಾರಿ ಹಿಟ್ಟಿನೊಳಗೆ ಬಿದ್ದ ಈ ಕಥೆಯನ್ನು ನಾನು ಕೇಳಿರಲೇ ಇಲ್ಲ.

ಅಂದಿನಿಂದ ಮನೆಯಲ್ಲಿ ಕಿರುಚುವುದು ಖಲಾಸ್. ಅಮ್ಮ ಕೈಯಿಂದ, ಕಣ್ಣಿನಿಂದ ಹೇಳತೊಡಗಿದಳು. ನಾವು ಕೂತು ನೋಡುವುದನ್ನು ಕಲಿತೆವು.

ಎರಡು ವರ್ಷದ ನಂತರ ಕಾಕಾ ಕೆಲಸ ಮುಗಿಸಿ ಊರಿಗೆ ಹೊರಟುಹೋದರು. ಕಳೆದ ತಿಂಗಳು ಗದಗದಿಂದ ಅವರ ಮಗಳು ಫೋನ್ ಮಾಡಿ, "ಅಪ್ಪಾರು ಹ್ವಾದ್ರು ಅಕ್ಕಾ," ಎಂದಳು. ಅಮ್ಮನಿಗೆ ಹೇಗೆ ಹೇಳುವುದೆಂದು ಅಡುಗೆಮನೆಯಲ್ಲೇ ಬಹಳ ಹೊತ್ತು ನಿಂತಿದ್ದೆ. ಕೊನೆಗೆ ಅವಳ ಮುಂದೆ ಹೋಗಿ ನಿಂತೆ. ಅವಳು ನನ್ನ ಮುಖವನ್ನು ಒಮ್ಮೆ ನೋಡಿದಳು. ನಂತರ ಕೈ ಚಾಚಿ, ಕಾಕಾ ಇದ್ದ ಎದುರು ಫ್ಲ್ಯಾಟಿನ ಬಾಗಿಲ ಕಡೆ ತೋರಿಸಿದಳು. ನಾನು ಹೌದೆಂದು ತಲೆಯಾಡಿಸಿದೆ.