ಸೋಫಾದ ಎಡಗಡೆ

ಬೆಳಿಗ್ಗೆ ಒಂಬತ್ತು ಗಂಟೆಗೆ ಸರಿಯಾಗಿ ನಮ್ಮ ಮನೆಯ ಮುಂದಿನ ಕೋಣೆಯಿಂದ ಜಪಾನಿನ ರೈಲು ಹೊರಡುತ್ತಿತ್ತು. ಅದೂ ಬರೀ ರೈಲಲ್ಲ, ಲಿಮಿಟೆಡ್ ಎಕ್ಸ್‌ಪ್ರೆಸ್. ಗಿಫು ಎಂಬ ಊರಿನಿಂದ ತಕಯಾಮಾ ಎಂಬ ಬೆಟ್ಟದೂರಿಗೆ ಎರಡು ಗಂಟೆಯ ದಾರಿ. ಗಾಡಿಯ ಮುಂಗಾಜಿನ ಹಿಂದೆ ಕ್ಯಾಮೆರಾ ಇಟ್ಟು ತೆಗೆದ ವಿಡಿಯೊ. ಅದರಲ್ಲಿ ಕಥೆಯಿಲ್ಲ, ಹಾಡಿಲ್ಲ. ಹಳಿ, ಸುರಂಗ, ಸೇತುವೆ, ನದಿ, ಮತ್ತೆ ಹಳಿ. ನನ್ನ ಮಾವ ಇದನ್ನು ನವೆಂಬರಿನಿಂದ ಮಾರ್ಚಿನವರೆಗೆ ದಿನಾ ನೋಡಿದರು. ಅವರು ನೋಡಿದರು ಅಂದರೆ ನಾನೂ ನೋಡಿದೆ, ತಪ್ಪಿಸಿಕೊಳ್ಳಲು ಜಾಗವೇ ಇರಲಿಲ್ಲ.

ಇಂಗ್ಲೆಂಡಿನ ಮ್ಯಾಕಲ್ಸ್‌ಫೀಲ್ಡ್‌ನ ಸಾಲುಮನೆ ನಮ್ಮದು. ಕೆಳಗೆ ಒಂದು ಕೋಣೆ, ಅದರ ಹಿಂದೆ ಅಡುಗೆಮನೆ, ಮೇಲೆ ಎರಡು ಕೋಣೆ. ಮೇಲಿನ ಹಿಂಬದಿಯ ಕೋಣೆ ನನ್ನ ಆಫೀಸಾಗಿತ್ತು. ಮಾವ ಆರು ತಿಂಗಳ ವೀಸಾದಲ್ಲಿ ಬಂದ ಮೇಲೆ ಅದು ಅವರದಾಯಿತು, ನನ್ನ ಲ್ಯಾಪ್‌ಟಾಪ್ ಕೆಳಗಿಳಿದು ಟಿವಿ ಪಕ್ಕದ ಮೂಲೆ ಸೇರಿತು. ಕಂಪನಿ ಬರ್ಚ್‌ವುಡ್‌ನಲ್ಲಿದ್ದರೂ ವಾರಕ್ಕೆ ನಾಲ್ಕು ದಿನ ನನಗೆ ಮನೆಯಿಂದಲೇ ಕೆಲಸ. ನನ್ನ ಯಜಮಾನರು ಮ್ಯಾಂಚೆಸ್ಟರಿನ ಆಸ್ಪತ್ರೆಯಲ್ಲಿ ಡಾಕ್ಟರು. ಅವರ ಡ್ಯೂಟಿ ರೋಟಾ ನೋಡಿದರೆ ಈ ಮನೆಗೆ ನೆಂಟರು ಅವರೇ ಅನ್ನಬೇಕು. ಹೀಗಾಗಿ ಚಳಿಗಾಲವಿಡೀ ಆ ಒಂದು ಕೋಣೆಯಲ್ಲಿ ಸಿಕ್ಕಿಹಾಕಿಕೊಂಡವರು ಮೈಸೂರಿನ ನಾನು ಮತ್ತು ಹುಬ್ಬಳ್ಳಿಯ ಮಾವ.

ಮಾವ ರೈಲ್ವೆಯಲ್ಲಿ ಡ್ರೈವರ್ ಆಗಿದ್ದವರು. ಕ್ಯಾಸಲ್‌ರಾಕ್‌ನಿಂದ ಗೋವಾ ಕಡೆಗೆ ಘಟ್ಟ ಇಳಿಯುವ ಗಾಡಿಗಳನ್ನು ಓಡಿಸಿ ರಿಟೈರ್ ಆದರು. ಅತ್ತೆ ತೀರಿಕೊಂಡು ಎರಡು ವರ್ಷವಾಗಿತ್ತು. ಬೆಳಿಗ್ಗೆ ಎದ್ದು ಸ್ನಾನ, ಲಿಂಗಪೂಜೆ, ಹಣೆಗೆ ವಿಭೂತಿ, ಒಂದು ಲೋಟ ಚಹಾ, ಆಮೇಲೆ ಜಪಾನು.

"ನಮ್ಮ ಘಾಟ್ ಸೆಕ್ಷನ್ ಇದ್ದಂಗ ಐತಿ ನೋಡವಾ," ಎನ್ನುತ್ತಿದ್ದರು. "ಒಂದ ಲೈನು, ಡೀಸೆಲ್ ಗಾಡಿ, ಬಾಜೂಕ ಹೊಳಿ. ಇದು ಸಣ್ಣ ಸ್ಟೇಷನ್ನಿಗೆ ನಿಲ್ಲೂದಿಲ್ಲ. ಹತ್ತಬೇಕಂದ್ರ ಟಿಕೀಟಿನ ಮ್ಯಾಲೆ ಇನ್ನೊಂದು ಟಿಕೀಟು ತಗೋಬೇಕು. ಕಂಡಕ್ಟರ್ ಡಬ್ಬಿ ಬಿಟ್ಟು ಹೋಗೂಮುಂದ ತಿರುಗಿ ನಿಂತು ಎಲ್ಲಾರಿಗೂ ಬಗ್ಗಿ ನಮಸ್ಕಾರ ಮಾಡ್ತಾನಂತ. ನಮ್ಮ ಟಿಟಿಇ ಹಂಗ ಮಾಡಿದ್ರ ಮಂದಿ ಹೆದರಿ ಇಳದ ಹೋಗ್ತಾರ."

ನಗು ಬರುತ್ತಿತ್ತು, ನಿಜ. ಆದರೆ ಅದೇ ಮಾತನ್ನು ನಲವತ್ತನೇ ಸಲ ಕೇಳಿದಾಗಲೂ ನಗುವಷ್ಟು ಒಳ್ಳೆಯ ಸೊಸೆ ನಾನಲ್ಲ.

ಹೊರಗೆ ಹೋಗಿ ಅಡ್ಡಾಡಿಕೊಂಡು ಬರಬಾರದೇ ಎಂದರೆ ಅದೂ ಇಲ್ಲ. ನವೆಂಬರಿನಲ್ಲಿ ಒಂದು ದಿನ ಅವರು ಕೋಟು ಕೂಡ ಹಾಕದೆ ಒಬ್ಬರೇ ಸ್ಟೇಷನ್ನಿಗೆ ಹೋಗಿ ಪ್ಲಾಟ್‌ಫಾರ್ಮಿನಲ್ಲಿ ಮೂರು ಗಂಟೆ ನಿಂತಿದ್ದರು. ಸ್ಟೇಷನ್ನಿನವರು ಅವರ ಜೇಬಿನಲ್ಲಿದ್ದ ಚೀಟಿ ನೋಡಿ ನನಗೆ ಫೋನು ಮಾಡಿದರು. ನಾನು ಓಡಿ ಹೋದಾಗ ತುಟಿ ನೀಲಿಗಟ್ಟಿತ್ತು. "ಗಾಡಿ ನೋಡ್ಕೋತ ನಿಂತಿದ್ದೆ," ಎಂದರು ಆರಾಮಾಗಿ. ಮರುದಿನವೇ ಯಜಮಾನರು ಮುಂಬಾಗಿಲಿಗೆ ಇನ್ನೊಂದು ಬೀಗ ಹಾಕಿಸಿದರು. ಬೀಗದ ಕೈ ನನ್ನ ಸ್ವೆಟರಿನ ಜೇಬಿನಲ್ಲಿ. ಓದಿಸಿ ಬರೆಸಿ ಇಂಗ್ಲೆಂಡಿಗೆ ಕಳಿಸಿದ ನನ್ನಪ್ಪನಿಗೆ ಗೊತ್ತಿರಲಿಲ್ಲ, ಮಗಳು ಇಲ್ಲಿ ಜೈಲರ್ ಆಗುತ್ತಾಳೆ ಎಂದು.

ಆ ವಾರವೇ ಯಜಮಾನರು ಹೇಳಿದರು: "ಅಪ್ಪಂಗೆ ಏನೋ ಆಗ್ತಿದೆ ಕಣೇ. ನೀನು ಮನೇಲೇ ಇರ್ತೀಯಲ್ಲ, ಏನೇನು ಮರೀತಾರೆ ಅಂತ ಫೋನಲ್ಲಿ ನೋಟ್ ಮಾಡಿಡು. ಮೆಮರಿ ಅಸೆಸ್‌ಮೆಂಟ್‌ಗೆ ಬೇಕಾಗುತ್ತೆ."

"ನಾನೇನು ಸಿಐಡೀನಾ ರೀ?" ಎಂದೆ.

"ನಾಟಕ ಆಡ್ಬೇಡ. ಅವರು ಲೋಂಡಾಗೆ ಹೋಗ್ತೀನಿ ಅಂತ ಕೂತಿದಾರೆ."

ಹೌದು, ಮಾತೆಲ್ಲ ಬಂದು ನಿಲ್ಲುತ್ತಿದ್ದದ್ದು ಕ್ಯಾಸಲ್‌ರಾಕ್‌ ಹತ್ತಿರದ ಜಂಕ್ಷನ್ ಊರು ಲೋಂಡಾಕ್ಕೆ. ಮಾವನ ಕೈಕೆಳಗೆ ಬಹಳ ವರ್ಷ ಅಸಿಸ್ಟೆಂಟ್ ಆಗಿದ್ದ ಗೆಳೆಯರೊಬ್ಬರು ಅಲ್ಲಿ ಸ್ಟೇಷನ್ನಿನ ಆಚೆ ಮನೆ ಮಾಡಿದ್ದರು. ಪಕ್ಕದ ಕೋಣೆಯನ್ನು ಮಾವನಿಗಾಗಿ ಖಾಲಿ ಇಟ್ಟಿದ್ದರು. ಏಪ್ರಿಲಿನಲ್ಲಿ ವೀಸಾ ಮುಗಿದ ಮೇಲೆ ಹೋಗಿ ಅಲ್ಲಿರುವುದು, ಇಬ್ಬರೂ ಜಗುಲಿಯಲ್ಲಿ ಕೂತು ಹೋಗಿಬರುವ ಗಾಡಿ ನೋಡುವುದು, ಇಷ್ಟೇ ಮಾವನ ಆಸೆ. ಗೆಳೆಯರಿಗೆ ಮೊಣಕಾಲು ನೋವು, ಎದ್ದು ಓಡಾಡಲಾರರು. ಹಾಲು, ಔಷಧಿ ಏನು ಬೇಕಾದರೂ ಮಾವನೇ ಹಳಿ ದಾಟಿ ತರಬೇಕು. ಯಜಮಾನರು ಬೇರೆ ಏರ್ಪಾಟು ಯೋಚಿಸಿದ್ದರು. ಬೆಂಗಳೂರಿನಲ್ಲಿ ತಮ್ಮ ತಂಗಿಯ ಫ್ಲ್ಯಾಟು, ಹನ್ನೊಂದನೇ ಮಹಡಿ, ನೋಡಿಕೊಳ್ಳಲು ಒಬ್ಬ ಆಳು. ಮಾವನ ತಲೆ ನೆಟ್ಟಗಿದೆ ಎಂದು ಡಾಕ್ಟರು ಹೇಳಿದರೆ ಲೋಂಡಾ. ಇಲ್ಲವಾದರೆ ಹನ್ನೊಂದನೇ ಮಹಡಿ. ಮಾವನಿಗೂ ಇದು ಗೊತ್ತಿತ್ತು. "ಅಲ್ಲಿ ಕಿಡಕಿಯಿಂದ ಬಗ್ಗಿ ನೋಡಿದ್ರ ಏನ ಕಾಣ್ತದ? ಕಾರಿನ ಟಾಪು," ಎಂದಿದ್ದರು ಒಮ್ಮೆ.

ನಾನು ಬರೆಯತೊಡಗಿದೆ. ಸಿಟ್ಟಿನಲ್ಲಿ ಬರೆದೆ, ಅದನ್ನು ಮುಚ್ಚಿಡುವುದಿಲ್ಲ. ಕನ್ನಡಕ ಹಣೆಯ ಮೇಲೆ ಇಟ್ಟುಕೊಂಡು ಮನೆಯೆಲ್ಲ ಹುಡುಕಿದರು. ಚಹಾಕ್ಕೆ ಎರಡು ಸಲ ಸಕ್ಕರೆ ಹಾಕಿದರು. ಹಾಲಿನ ಡಬ್ಬಿ ಫ್ರಿಜ್ ಬದಲು ಕಪಾಟಿನಲ್ಲಿತ್ತು. ಹಾಲಿನದು ನನ್ನದೇ ಕೆಲಸವೆಂದು ಆಮೇಲೆ ನೆನಪಾಯಿತು, ಆದರೂ ಅಳಿಸಲಿಲ್ಲ. ಎಲ್ಲಕ್ಕಿಂತ ಹೆಚ್ಚು ಸಲ ಬರೆದದ್ದು ಒಂದೇ: "ಟಿವಿ ಜೊತೆ ಒಬ್ಬರೇ ಮಾತಾಡುತ್ತಾರೆ. ಕೈ ಎತ್ತಿ ಬಣ್ಣಗಳ ಹೆಸರು ಕೂಗುತ್ತಾರೆ."

ಅಯ್ಯೋ, ಆ ಕೂಗು! ನಾನು ಮೀಟಿಂಗಿನಲ್ಲಿ ತಲೆ ಬಗ್ಗಿಸಿ ಏನೋ ವಿವರಿಸುತ್ತಿರುವಾಗ ಹಿಂದಿನಿಂದ "ಹಸಿರು!" ಎಂದು ಗುಡುಗುತ್ತಿದ್ದರು. ಎರಡು ನಿಮಿಷಕ್ಕೆ "ಹಳದಿ!" ನನ್ನ ಮ್ಯಾನೇಜರ್ ಒಂದು ದಿನ ಬಹಳ ಮರ್ಯಾದೆಯಿಂದ, ನಿಮ್ಮ ಮನೆಯಲ್ಲಿ ಏನಾದರೂ ಅಲಾರಂ ಹೊಡೆಯುತ್ತಿದೆಯೇ ಎಂದು ಕೇಳಿದಳು. ನನಗೆ ಪಿತ್ತ ನೆತ್ತಿಗೇರಿತು. ಮೈಕು ಆಫ್ ಮಾಡಿ ಎದ್ದು ನಿಂತು ಕಿರುಚಿಬಿಟ್ಟೆ.

"ಸಾಕು ಮಾಡಿ ಮಾವ! ಯಾರಿಗೆ ಹೇಳ್ತಿದೀರಾ ಅದನ್ನ? ಯಾರಿದಾರೆ ಇಲ್ಲಿ?"

ಅವರು ಬೆಚ್ಚಿಬಿದ್ದು ವಿಡಿಯೊ ನಿಲ್ಲಿಸಿದರು. ಎತ್ತಿದ್ದ ಕೈ ಇಳಿಸಿದರು.

"ಯಾರೂ ಇಲ್ಲವಾ," ಎಂದರು. "ಅದ ತ್ರಾಸು. ಒಬ್ಬನ ಕಣ್ಣು ನಂಬೂ ಹಂಗಿಲ್ಲ ನಮ್ಮ ಕೆಲಸದಾಗ. ಸಿಗ್ನಲ್ ಬಣ್ಣ ಡ್ರೈವರ್ ಕೂಗಿ ಹೇಳಬೇಕು, ಅಸಿಸ್ಟೆಂಟ್ ತಾನೂ ನೋಡಿ ತಿರುಗಿ ಹೇಳಬೇಕು. ಆ ಜಪಾನಿನ ಡ್ರೈವರ ಬಿಳೇ ಗ್ಲೌಸ್ ಹಾಕ್ಕೊಂಡು ಬಟ್ಟು ತೋರ್ಸಿ ಒಬ್ಬನ ಹೇಳ್ಕೋತಾನಂತ. ನಮಗ ಹಂಗ ರೂಢಿ ಇಲ್ಲ. ತಿರುಗಿ ಹೇಳವ್ರು ಬೇಕು."

ಮೂವತ್ತು ವರ್ಷದ ಕೆಲಸವನ್ನು ನಾನು ಹುಚ್ಚು ಎಂದು ಫೋನಿನಲ್ಲಿ ಬರೆದಿಟ್ಟಿದ್ದೆ.

ಮರುದಿನ ಬೆಳಿಗ್ಗೆ ಮೀಟಿಂಗುಗಳನ್ನು ಮಧ್ಯಾಹ್ನಕ್ಕೆ ತಳ್ಳಿ ಸೋಫಾದಲ್ಲಿ ಹೋಗಿ ಕೂತೆ. ಮಾವ ನನ್ನನ್ನು ಎಬ್ಬಿಸಿದರು. "ಅಲ್ಲೆ ಅಲ್ಲ. ಡ್ರೈವರ್ ಎಡಗಡೆ, ಅಸಿಸ್ಟೆಂಟ್ ಬಲಗಡೆ." ನಾನು ಬಲಗಡೆ ಸರಿದೆ, ಮಡಿಲಲ್ಲಿ ಲ್ಯಾಪ್‌ಟಾಪ್. ಅವರು "ಹಸಿರು" ಎಂದರೆ ನಾನು ತಲೆಯೆತ್ತಿ ನೋಡಿ "ಹಸಿರು" ಎನ್ನುವುದು. ನೋಡದೆ ಹೇಳಿದರೆ ಬೈಗುಳ. "ಗಿಳಿ ಬೇಕಾಗಿಲ್ಲ ನನಗ," ಎನ್ನುತ್ತಿದ್ದರು.

"ಡ್ರೈವರ್ ತಪ್ಪು ಹೇಳಿದ್ರೆ ಏನ್ಮಾಡ್ಬೇಕು ಮಾವ?" ಎಂದು ಒಮ್ಮೆ ಕೇಳಿದೆ.

"ಬಾಯಿ ಬಿಡಬೇಕು. ಸೀನಿಯರ್ ಅದಾನ, ಸಿಟ್ಟಾಗ್ತಾನ ಅಂತ ಹೆದರಿ ಸುಮ್ಮನ ಕುಂತ್ರ ನಾವಿಬ್ಬರೂ ಹೋದ್ವಿ, ಹಿಂದ ಮಲಗಿರೋ ಮಂದೀನೂ ಹೋದ್ರು. ಸುಮ್ಮನ ಕುಂಡ್ರೂ ಅಸಿಸ್ಟೆಂಟನ್ನ ನಾ ಎರಡನೇ ದಿವಸ ಇಟ್ಕೊಂಡಿಲ್ಲ."

ಹಾಗೆ ಆ ಲೈನು ನನಗೂ ಬಾಯಿಪಾಠವಾಯಿತು. ಬಿಸಿನೀರಿನ ಬುಗ್ಗೆಯ ಗೆರೊ ಯಾವಾಗ ಬರುತ್ತದೆ, ನದಿ ಯಾವ ಸುರಂಗದ ನಂತರ ಎಡಕ್ಕೆ ದಾಟುತ್ತದೆ ಎಲ್ಲ ಗೊತ್ತು. ಗೆರೊ ಬರುವುದಕ್ಕೆ ಮುಂಚೆ ಒಂದು ಪುಟ್ಟ ಸ್ಟೇಷನ್ನಿನಲ್ಲಿ ನಮ್ಮ ಲಿಮಿಟೆಡ್ ಎಕ್ಸ್‌ಪ್ರೆಸ್ ನಿಲ್ಲುತ್ತದೆ. ಇಳಿಯುವವರು ಹತ್ತುವವರು ಯಾರೂ ಇಲ್ಲ. ಒಂದೇ ಹಳಿಯಲ್ಲವೇ, ಎದುರಿನಿಂದ ಬರುವ ಗಾಡಿ ದಾಟಿಹೋಗುವವರೆಗೆ ಕೆಂಪು ಸಿಗ್ನಲಿನ ಮುಂದೆ ನಾಲ್ಕು ನಿಮಿಷ ಕಾಯಬೇಕು. ಆ ನಾಲ್ಕು ನಿಮಿಷ ನಾವು ಚಹಾ ಕುಡಿಯುತ್ತಿದ್ದೆವು.

ಫೆಬ್ರುವರಿಯ ಕೊನೆಯ ವಾರ. ಗಾಡಿ ಆ ಸ್ಟೇಷನ್ನಿಗೆ ಬಂದು ನಿಂತಿತು. ನಾನು ಲೋಟ ಕೈಗೆ ತೆಗೆದುಕೊಂಡೆ. ಮಾವ ಕೈ ಎತ್ತಿ "ಹಸಿರು" ಎಂದರು.

ತಮಾಷೆ ಮಾಡುತ್ತಿದ್ದಾರೆ ಅಂದುಕೊಂಡೆ. ಪರದೆಯ ಮೇಲೆ ಕೆಂಪು ದೀಪ ಸ್ಪಷ್ಟವಾಗಿ ಉರಿಯುತ್ತಿತ್ತು.

"ಹಸಿರು!" ಎಂದರು ಮತ್ತೆ, ನನ್ನ ಕಡೆ ತಿರುಗಿ. "ಹೇಳವಾ! ಲೈನ್ ಕ್ಲಿಯರ್ ಐತಿ. ಯಾಕ ನಿಂತಾನ ಇವಾ?" ಅವರ ಮುಖದಲ್ಲಿ ಬೆವರು ಬಂದಿತ್ತು. ಎದ್ದು ನಿಂತು ಟಿವಿಯ ಹತ್ತಿರ ಹೋಗಿ ಹೊಡೆಯುವವರಂತೆ ಕೈ ಬೀಸಿದರು. ಕೆಂಪು ಎಂದು ನಾನು ಹೇಳಲಿಲ್ಲ. ಅಷ್ಟರಲ್ಲಿ ಎದುರಿನ ಗಾಡಿ ದಾಟಿತು, ದೀಪ ನಿಜವಾಗಿಯೂ ಹಸಿರಾಯಿತು, ಮಾವ ಬಂದು ಕೂತು ಚಹಾ ಕುಡಿದರು. ಸಂಜೆ ಮೆಲ್ಲಗೆ ವಿಚಾರಿಸಿದರೆ, "ಯಾವಾಗ? ಇವತ್ತ? ಇಲ್ಲಲ್ಲ," ಎಂದರು. ಕಣ್ಣಿನ ದೋಷವೇನೋ ಎಂಬ ಆಸೆಯಿಂದ ನನ್ನ ಕೆಂಪು ಸ್ವೆಟರು ತೋರಿಸಿ ಯಾವ ಬಣ್ಣ ಎಂದು ಕೇಳಿದೆ. "ನಿನಗ ತಲಿ ಕೆಟ್ಟೈತೇನು? ಕೆಂಪು," ಎಂದರು.

ಆ ರಾತ್ರಿಯೇ ಫೋನಿನಲ್ಲಿ ಬರೆದದ್ದನ್ನೆಲ್ಲ ಅಳಿಸಿಹಾಕಿದೆ. ಕನ್ನಡಕ, ಸಕ್ಕರೆ, ಹಾಲು, ಕೂಗು, ಎಲ್ಲ. ಹೊಸದಾಗಿ ಒಂದು ಸಾಲು ಬರೆದೆ: "ಕೆಂಪು ಸಿಗ್ನಲನ್ನು ಹಸಿರು ಎಂದರು." ಯಜಮಾನರಿಗೆ ಹೇಳಲಿಲ್ಲ. ಹೇಳದೆ ಇದ್ದರೆ ಮಾವನಿಗೆ ಲೋಂಡಾ ಸಿಗುತ್ತದೆ, ಪರೀಕ್ಷೆ, ಚಿಕಿತ್ಸೆ ಎಂದು ಅವರು ಇಲ್ಲೇ ಉಳಿಯದೆ ನನಗೆ ನನ್ನ ಕೋಣೆ ಸಿಗುತ್ತದೆ, ಯಾರಿಗೆ ನಷ್ಟ? ಮೂರು ವಾರ ಹೀಗೆ ನನಗೆ ನಾನೇ ವಕೀಲಿಕೆ ಮಾಡಿಕೊಂಡೆ. ಅದು ಅವರ ಮೇಲಿನ ಪ್ರೀತಿಯೋ ಮನೆ ಖಾಲಿಯಾಗಲಿ ಎಂಬ ಸ್ವಾರ್ಥವೋ, ಇವತ್ತಿಗೂ ನನಗೆ ಖಾತ್ರಿಯಿಲ್ಲ.

ಮ್ಯಾಂಚೆಸ್ಟರಿನ ಒಂದು ಖಾಸಗಿ ಕ್ಲಿನಿಕ್ಕಿನಲ್ಲಿ ಅಪಾಯಿಂಟ್‌ಮೆಂಟ್ ಸಿಕ್ಕಿತು. ಯಜಮಾನರಿಗೆ ರೋಟಾ, ಆದ್ದರಿಂದ ಕರೆದುಕೊಂಡು ಹೋಗುವವಳು ನಾನೇ. ಮಾವ ಕೋಟು ಹಾಕಿ, ಮಫ್ಲರ್ ಸುತ್ತಿ, ಮದುವೆಗೆ ಹೊರಟವರ ಹಾಗೆ ರೈಲು ಹತ್ತಿ ಕಿಟಕಿಯ ಪಕ್ಕ ಕೂತರು. ಸ್ಟಾಕ್‌ಪೋರ್ಟ್ ಹತ್ತಿರ ಬರುತ್ತಿದ್ದಂತೆ ಗಾಡಿ ನಿಂತಿತು. ಹತ್ತು ನಿಮಿಷ, ಇಪ್ಪತ್ತು ನಿಮಿಷ. ಎರಡೂ ಕಡೆ ಕಲ್ಲಿನ ಗೋಡೆ, ಬಾಗಿಲು ತೆರೆಯುವ ಹಾಗಿಲ್ಲ. ಎದುರು ಕೂತವರು ನಿಟ್ಟುಸಿರು ಬಿಟ್ಟರು, ನಾನು ಮತ್ತೆ ಮತ್ತೆ ಗಡಿಯಾರ ನೋಡಿದೆ.

"ಸಿಗ್ನಲ್ ಕೊಟ್ಟಿಲ್ಲ. ಮುಂದ ಗಾಡಿ ಇರಬೇಕು," ಎಂದರು ಮಾವ ಸಮಾಧಾನದಿಂದ. ಆಮೇಲೆ ಕಿಟಕಿಯಿಂದ ಮುಖ ತಿರುಗಿಸದೆಯೇ ಕೇಳಿದರು, "ನನ್ನ ಮ್ಯಾಲೆ ಏನ ಚಾರ್ಜ್‌ಶೀಟ್ ಬರದೀಯವಾ ಫೋನಿನ್ಯಾಗ?"

ಗೊತ್ತಿತ್ತು ಅವರಿಗೆ! ಅಷ್ಟು ದಿನವೂ ಗೊತ್ತಿತ್ತು.

"ಏನೂ ಇಲ್ಲ ಮಾವ," ಎಂದೆ.

"ಹಂಗಾರ ಛಲೋ ಆತು. ಲೋಂಡಾದಾಗ ಖೋಲಿಗೆ ಸುಣ್ಣಾ ಹಚ್ಚಿಸ್ಯಾನಂತ."

ಕ್ಲಿನಿಕ್ಕಿನ ಡಾಕ್ಟರು ಮೃದು ಮಾತಿನ ಹೆಂಗಸು. ತಿಂಗಳು, ವಾರ, ಗಡಿಯಾರದ ಚಿತ್ರ, ಐದು ಪದ ನೆನಪಿಡುವುದು. ಮಾವ ತಮ್ಮ ರೈಲ್ವೆ ಇಂಗ್ಲಿಷಿನಲ್ಲಿ ಎಲ್ಲದಕ್ಕೂ ಉತ್ತರ ಕೊಟ್ಟರು. ಐದು ಪದಗಳಲ್ಲಿ ಒಂದು ಮಾತ್ರ ತಪ್ಪಿತು. ಡಾಕ್ಟರು ನಕ್ಕು, ಈ ವಯಸ್ಸಿಗೆ ಇದು ಚೆನ್ನಾಗಿಯೇ ಇದೆ ಎಂದರು. ಆಮೇಲೆ ನನ್ನ ಕಡೆ ತಿರುಗಿ, ಇವರೊಡನೆ ದಿನವಿಡೀ ಇರುವವರು ನೀವು, ನಾನು ತಿಳಿದುಕೊಳ್ಳಬೇಕಾದದ್ದು ಏನಾದರೂ ಇದೆಯೇ ಎಂದು ಕೇಳಿದರು.

ಇಲ್ಲ ಎಂಬ ಒಂದು ಮಾತು ಸಾಕಿತ್ತು. ಮಾವ ನನ್ನನ್ನು ನೋಡುತ್ತಿದ್ದರು, ಮೊಣಕಾಲ ಮೇಲೆ ಎರಡೂ ಕೈ ಇಟ್ಟುಕೊಂಡು. ಸುಣ್ಣ ಹಚ್ಚಿದ ಆ ಕೋಣೆ, ಅದರ ಮುಂದಿನ ಹಳಿ, ಕೈಯಲ್ಲಿ ಹಾಲಿನ ಪಾತ್ರೆ ಹಿಡಿದು ಲೈನ್ ಕ್ಲಿಯರ್ ಐತಿ ಎಂದುಕೊಂಡು ಹೆಜ್ಜೆ ಇಡುವ ಮಾವ, ಎಲ್ಲ ಕಣ್ಣಿಗೆ ಕಟ್ಟಿತು. ಹೇಳಿಬಿಟ್ಟೆ. ಕೆಂಪು ದೀಪ, ಹಸಿರೆಂದು ಕೂಗಿದ್ದು, ಬೆವರಿದ್ದು, ಸಂಜೆಗೆ ನೆನಪಿರದೆ ಹೋದದ್ದು, ಯಾವುದನ್ನೂ ಬಿಡದೆ ಹೇಳಿದೆ. ಹೇಳುವಾಗ ಅವರ ಮುಖ ನೋಡಲು ನನಗೆ ಧೈರ್ಯವಾಗಲಿಲ್ಲ. ಡಾಕ್ಟರು ನಗುವುದನ್ನು ನಿಲ್ಲಿಸಿ ಬರೆದುಕೊಂಡರು, ಸ್ಕ್ಯಾನ್ ಮಾಡಿಸಬೇಕು ಎಂದರು, ಒಬ್ಬರೇ ಇರುವುದು ಬೇಡ ಎಂದರು.

ವಾಪಸು ಬರುವಾಗ ಗಾಡಿ ಎಲ್ಲಿಯೂ ನಿಲ್ಲದೆ ಬಂತು. ಮಾವ ಕಿಟಕಿಯ ಕಡೆಗೇ ಮುಖ ಮಾಡಿ ಕೂತರು. ಸಂಜೆ ಯಜಮಾನರು ಬೆಂಗಳೂರಿಗೆ ಫೋನು ಮಾಡಿ ತಂಗಿಯ ಜೊತೆ ಕೋಣೆ, ಆಳು ಎಲ್ಲ ಮಾತಾಡಿದರು. ಮಾವ ಊಟ ಮುಗಿಸಿ ಮೇಲೆ ಹೋದರು. ನಾನು ಅಡುಗೆಮನೆಯಲ್ಲಿ ನಿಂತು ಅತ್ತುಬಿಟ್ಟೆ.

ಮರುದಿನ ಬೆಳಿಗ್ಗೆ ಒಂಬತ್ತಾಯಿತು. ಟಿವಿಯ ಸದ್ದಿಲ್ಲ. ಇನ್ನು ಅವರು ನನ್ನ ಮುಖ ನೋಡುವುದಿಲ್ಲ ಅಂದುಕೊಂಡು ಚಹಾ ತಂದಿಟ್ಟೆ. ಮೆಟ್ಟಿಲಿಳಿದು ಬಂದರು, ಹಣೆಯ ವಿಭೂತಿ ಇನ್ನೂ ಹಸಿ ಇತ್ತು. ಬಂದವರು ಸೋಫಾದ ಬಲಗಡೆ ಕೂತರು.

ನಾನು ನಿಂತೇ ಇದ್ದೆ.

"ಟೈಮ್ ಆತಲ್ಲ," ಎಂದರು. "ಕುಂಡ್ರು."

ಎಡಗಡೆ ಕೂತೆ. ಗಾಡಿ ಗಿಫು ಬಿಟ್ಟಿತು. ಮಾವ ಬಾಯಿ ತೆರೆಯಲಿಲ್ಲ, ಕಾಯುತ್ತಿದ್ದರು. ನಾನು ಹಿಂಜರಿಯುತ್ತ ಕೈ ಎತ್ತಿ "ಹಸಿರು" ಎಂದೆ. ಅವರು ಕತ್ತು ಮುಂದೆ ಮಾಡಿ, ಕಣ್ಣು ಕಿರಿದು ಮಾಡಿ ದೀಪವನ್ನು ನೋಡಿದರು, ನೋಡಿ "ಹಸಿರು" ಎಂದರು. ಸೇತುವೆಗಳು ಹೋದವು, ಸುರಂಗಗಳು ಹೋದವು. ಆ ಪುಟ್ಟ ಸ್ಟೇಷನ್ನಿಗೆ ಬಂದು ಗಾಡಿ ನಿಂತಿತು.

"ಕೆಂಪು," ಎಂದೆ.

ಬಹಳ ಹೊತ್ತು ನೋಡಿದರು.

"ಕೆಂಪು," ಎಂದರು, ಚಹಾದ ಲೋಟ ಕೈಗೆ ತೆಗೆದುಕೊಂಡರು.